ಮಕ್ಕಳಿಗೆ ಕೊಟ್ಟ ಮಾತಿನ ವಾಯಿದೆ

(ಗಿರಣಿ ಕಾರ್ಮಿಕರ ಮತ್ತು ಸಣ್ಣ ವ್ಯಾಪಾರಿಗಳ ಜಂಟಿ ಸಭೆಯಲ್ಲಿ ಮಾಡಿದ ಭಾಷಣ)



"ಮಕ್ಕಳ ಹಕ್ಕು ಮತ್ತು ರಾಜ್ಯಾಂಗ" ಎಂದು ಕರಪತ್ರದಲ್ಲಿ ಅಚ್ಚಾದದ್ದನ್ನು ನೋಡಿ ಕೆಲವರು ನಮ್ಮನ್ನು ಕೇಳಿದರು: ಬೋನಸ್ಸಿನ ಮಾತುಂಟು, ಮಳಿಗೆ ಬಾಡಿಗೆಯ ಮಾತುಂಟು, ಅವನ್ನೆಲ್ಲ ಬಿಟ್ಟು ಮಕ್ಕಳ ವಿಷಯವೇಕೆ? ಅದು ಮೇಷ್ಟರುಗಳ ಮತ್ತು ವಕೀಲರ ವಿಷಯವಲ್ಲವೆ? ಇದಕ್ಕೆ ಉತ್ತರವಾಗಿ, ನಮ್ಮ ಮೇಲೇ ಇರುವ ಒಂದು ತಪ್ಪನ್ನು ಮೊದಲು ಒಪ್ಪಿಕೊಂಡು ಮಾತು ಆರಂಭಿಸುತ್ತೇವೆ.

ಹೋದ ತಿಂಗಳು ನಮ್ಮ ಸಂಘದ ಕಚೇರಿಯಲ್ಲಿ ಕಾರ್ಯಕಾರಿ ಸಮಿತಿ ಸೇರಿತ್ತು. ಕನಿಷ್ಠ ಕೂಲಿಯ ಮೇಲೆ ಎರಡು ಗಂಟೆ ಚರ್ಚೆ ನಡೆಯಿತು. ನಡುವೆ ಚಹಾ ಬಂತು. ತಂದವನು ಹತ್ತು ಹನ್ನೊಂದು ವರ್ಷದ ಹುಡುಗ. ನಾವೆಲ್ಲ ಚಹಾ ಕುಡಿದೆವು, ಲೋಟ ವಾಪಸು ಕೊಟ್ಟೆವು, ಮತ್ತೆ ಕನಿಷ್ಠ ಕೂಲಿಯ ಮಾತಿಗೆ ತೊಡಗಿದೆವು. ಹುಡುಗ ಮೆಟ್ಟಿಲಿಳಿದು ಹೋದ ಮೇಲೆ ನಮ್ಮಲ್ಲಿ ಹಿರಿಯರೊಬ್ಬರು, ನೂಲಿನ ಖಾತೆಯಲ್ಲಿ ಮೂವತ್ತು ವರ್ಷ ದುಡಿದವರು, ಕೇಳಿದರು: "ಇವತ್ತು ಬುಧವಾರ ಅಲ್ಲೇನ್ರಪಾ? ಈ ಹುಡುಗಗ ಸಾಲಿ ಇಲ್ಲೇನು?"

ಯಾರೂ ಉತ್ತರ ಕೊಡಲಿಲ್ಲ. ಮಾರನೆಯ ದಿನ ನಾವು ಆ ಹೋಟೆಲಿಗೆ ಹೋಗಿ ಮಾಲೀಕರನ್ನು ಕೇಳಿದೆವು. ಅವರು ಕೆಟ್ಟವರಲ್ಲ, ಆರು ಬೆಂಚಿನ ಹೋಟೆಲು, ಅವರೂ ನಮ್ಮಂಥವರೇ. "ನಾನೇನು ಕರದು ಇಟ್ಕೊಂಡೀನೇನ್ರಿ? ಅವರಪ್ಪನ ತಂದು ಬಿಟ್ಟಾನ. ಎರಡು ಹೊತ್ತು ಊಟ ಹಾಕ್ತೀನಿ, ಮ್ಯಾಲೆ ಏನರ ಕೊಡ್ತೀನಿ. ನಾಳೆ ಬಿಡಸ್ತೀನಿ ಅನ್ರಿ, ಆ ಮನಿ ಒಲಿ ಯಾರು ಹಚ್ಚಬೇಕು?" ಎಂದರು. ತಂದೆಯ ಮನೆಗೆ ಹೋದೆವು. ಗಿರಣಿಯಲ್ಲಿ ಬದಲಿ ಕೂಲಿಯಾಗಿದ್ದವನು. ಕೆಲಸ ಹೋಗಿ ಏಳು ತಿಂಗಳಾಗಿತ್ತು. ನಲವತ್ತು ವರ್ಷದ ಗಟ್ಟಿ ಆಳು ಮನೆಯ ಕಟ್ಟೆಯ ಮೇಲೆ ಕುಳಿತಿದ್ದಾನೆ, ಹನ್ನೊಂದು ವರ್ಷದ ಮಗ ಲೋಟ ತೊಳೆಯುತ್ತಿದ್ದಾನೆ. ಮಿತ್ರರೇ, ಇದು ಮೇಷ್ಟರುಗಳ ವಿಷಯವೋ, ನಮ್ಮ ವಿಷಯವೋ ನೀವೇ ಹೇಳಿ.

ಆ ಹುಡುಗನಿಗೆ ನಮ್ಮ ದೇಶದ ರಾಜ್ಯಾಂಗ ಒಂದು ಮಾತು ಕೊಟ್ಟಿದೆ. ಆ ಮಾತು ಎಲ್ಲಿಂದ ಬಂತು, ಅದನ್ನು ಎಷ್ಟು ವರ್ಷ ಮುಂದೂಡಲಾಯಿತು, ಈಗ ಅದರಲ್ಲಿ ಏನು ಗಟ್ಟಿ, ಏನು ಟೊಳ್ಳು ಎಂಬುದನ್ನು ಇಂದು ಲೆಕ್ಕ ಹಾಕೋಣ.

ಗಿರಣಿಯಲ್ಲಿ ಹುಟ್ಟಿದ ಕಾನೂನು

ಮಕ್ಕಳ ರಕ್ಷಣೆಯ ಮೊದಮೊದಲ ಕಾನೂನುಗಳಲ್ಲಿ ಕೆಲವು ಹುಟ್ಟಿದ್ದು ಗಿರಣಿಗಾಗಿ. ಇಂಗ್ಲೆಂಡಿನಲ್ಲಿ ೧೮೦೨ರಲ್ಲಿ ಮತ್ತು ೧೮೧೯ರಲ್ಲಿ ಮಾಡಿದ ಕಾಯಿದೆಗಳು ಪುಸ್ತಕದಲ್ಲೇ ಉಳಿದವು. ಜಾರಿ ಮಾಡಲು ಸರಕಾರದ ತನಿಖಾಧಿಕಾರಿಗಳೇ ಇರಲಿಲ್ಲ. ೧೮೩೩ರ ಕಾಯಿದೆ ಬಟ್ಟೆ ಗಿರಣಿಗಳಲ್ಲಿ, ರೇಷ್ಮೆಯದನ್ನು ಬಿಟ್ಟು, ಒಂಬತ್ತು ವರ್ಷದೊಳಗಿನ ಮಕ್ಕಳನ್ನು ಇಟ್ಟುಕೊಳ್ಳಬಾರದೆಂದಿತು. ಇಡೀ ದೇಶಕ್ಕೆ ನಾಲ್ವರು ಇನ್‌ಸ್ಪೆಕ್ಟರುಗಳನ್ನು ನೇಮಿಸಿತು. ನಾಲ್ವರೇ ಆದರೂ, ಕಾನೂನಿಗೆ ಕಾಲು ಬಂದದ್ದು ಆಗ.

ನಮ್ಮ ದೇಶದಲ್ಲಿ ಮೊದಲ ಫ್ಯಾಕ್ಟರಿ ಕಾಯಿದೆ ಬಂದದ್ದು ೧೮೮೧ರಲ್ಲಿ. ಅದರ ಹಿಂದೆ ಮಕ್ಕಳ ಮೇಲಿನ ಕರುಣೆಯ ಜೊತೆಗೆ ಲ್ಯಾಂಕಶೈರಿನ ಗಿರಣಿ ಮಾಲೀಕರ ಒತ್ತಾಯವೂ ಇತ್ತು. ಮುಂಬಯಿಯ ಗಿರಣಿಗಳು ಅಗ್ಗದ ಕೂಲಿಯಿಂದ ತಮ್ಮ ಮಾರುಕಟ್ಟೆ ಕಸಿಯುತ್ತವೆಂದು ಅವರಿಗೆ ಹೆದರಿಕೆ. ಆ ಕಾಯಿದೆಯ ಪ್ರಕಾರ ಏಳು ವರ್ಷದೊಳಗಿನ ಮಗುವನ್ನು ಕೆಲಸಕ್ಕೆ ಇಟ್ಟುಕೊಳ್ಳಬಾರದು. ಏಳರಿಂದ ಹನ್ನೆರಡರವರೆಗಿನ ಮಗುವಿನಿಂದ ದಿನಕ್ಕೆ ಒಂಬತ್ತು ಗಂಟೆಗಿಂತ ಹೆಚ್ಚು ದುಡಿಸಬಾರದು. ಏಳು ವರ್ಷದ ಕೂಸಿಗೆ ಒಂಬತ್ತು ಗಂಟೆ! ಅದೇ ಅಂದಿನ ಸುಧಾರಣೆ. ೧೮೯೧ರಲ್ಲಿ ಏಳು ಒಂಬತ್ತಾಯಿತು, ೧೯೨೨ರಲ್ಲಿ ಹನ್ನೆರಡಾಯಿತು, ೧೯೪೮ರಲ್ಲಿ ಹದಿನಾಲ್ಕಾಯಿತು. ಏಳರಿಂದ ಹದಿನಾಲ್ಕಕ್ಕೆ ಏರಲು ಅರವತ್ತೇಳು ವರ್ಷ ಹಿಡಿಯಿತು. ನಮ್ಮ ನಿಮ್ಮ ಅಜ್ಜಂದಿರ ಬಾಲ್ಯ ಆ ಅರವತ್ತೇಳು ವರ್ಷಗಳಲ್ಲಿ ಸವೆದುಹೋಗಿದೆ.

ಮಕ್ಕಳ ದುಡಿಮೆಯನ್ನು ಒತ್ತೆ ಇಟ್ಟು ಮುಂಗಡ ತೆಗೆದುಕೊಳ್ಳುವ ಪದ್ಧತಿಯನ್ನೂ ಮರೆಯಬಾರದು. ತಂದೆ ಸಾಲ ತರುವುದು, ಮಗ ತೀರಿಸುವುದು. ವ್ಹಿಟ್ಲೆ ಆಯೋಗ ೧೯೩೧ರಲ್ಲಿ ವರದಿ ಕೊಟ್ಟ ಮೇಲೆ, ೧೯೩೩ರಲ್ಲಿ ಇಂಥ ಕರಾರುಗಳು ಅನೂರ್ಜಿತವೆಂದು ಕಾಯಿದೆಯಾಯಿತು.

ರಾಜ್ಯಾಂಗದಲ್ಲೇ ಏಕೆ ಬರೆಯಬೇಕು?

ಕಾಯಿದೆ ಮಾಡಿದರೆ ಸಾಲದೆ, ರಾಜ್ಯಾಂಗದಲ್ಲೇ ಏಕೆ ಬರೆಯಬೇಕು ಎಂದು ಕೇಳಬಹುದು. ಇದಕ್ಕೆ ಅಮೆರಿಕದ ಒಂದು ಹತ್ತಿ ಗಿರಣಿಯ ಕಥೆಯೇ ಉತ್ತರ.

೧೯೧೬ರಲ್ಲಿ ಅಮೆರಿಕದ ಸಂಸತ್ತು ಒಂದು ಕಾಯಿದೆ ಮಾಡಿತು. ಹದಿನಾಲ್ಕು ವರ್ಷದೊಳಗಿನ ಮಕ್ಕಳನ್ನು ದುಡಿಸುವ ಕಾರಖಾನೆಯ ಸರಕನ್ನು ಒಂದು ರಾಜ್ಯದಿಂದ ಇನ್ನೊಂದಕ್ಕೆ ಸಾಗಿಸಬಾರದು. ಹದಿನಾಲ್ಕರಿಂದ ಹದಿನಾರರವರನ್ನು ದಿನಕ್ಕೆ ಎಂಟು ಗಂಟೆಗಿಂತ ಹೆಚ್ಚು ದುಡಿಸಿದರೂ ಹಾಗೆಯೇ. ದಕ್ಷಿಣದ ಹತ್ತಿ ಗಿರಣಿ ಮಾಲೀಕರಿಗೆ ಇದು ಹಿಡಿಸಲಿಲ್ಲ. ಆದರೆ ತಮ್ಮ ಹೆಸರಿನಲ್ಲಿ ದಾವೆ ಹೂಡಲು ಅವರಿಗೆ ನಾಚಿಕೆ. ಉತ್ತರ ಕೆರೊಲಿನದ ಒಂದು ಗಿರಣಿಯಲ್ಲಿ ಇಬ್ಬರು ಗಂಡುಮಕ್ಕಳ ಸಮೇತ ದುಡಿಯುತ್ತಿದ್ದ ಡೇಗನ್‌ಹಾರ್ಟ್ ಎಂಬ ಕೂಲಿಕಾರನನ್ನು ಮುಂದೆ ನಿಲ್ಲಿಸಿದರು. ನನ್ನ ಮಕ್ಕಳ ದುಡಿಮೆಯ ಮೇಲೆ ನನಗೆ ಹಕ್ಕಿದೆ, ಈ ಕಾಯಿದೆ ಅದನ್ನು ಕಸಿದುಕೊಳ್ಳುತ್ತದೆ ಎಂದು ಅವನಿಂದ ಹೇಳಿಸಿದರು. ೧೯೧೮ರಲ್ಲಿ ಅಲ್ಲಿನ ಸುಪ್ರೀಂ ಕೋರ್ಟು, ಐವರು ಒಂದು ಕಡೆ ನಾಲ್ವರು ಒಂದು ಕಡೆಯಾಗಿ, ಇಂಥ ಕಾಯಿದೆ ಮಾಡುವ ಅಧಿಕಾರವನ್ನು ರಾಜ್ಯಾಂಗ ಸಂಸತ್ತಿಗೆ ಕೊಟ್ಟಿಲ್ಲವೆಂದು ಕಾಯಿದೆಯನ್ನು ರದ್ದುಮಾಡಿತು.

ರಾಜ್ಯಾಂಗವನ್ನೇ ತಿದ್ದೋಣವೆಂದು ೧೯೨೪ರಲ್ಲಿ ಸಂಸತ್ತು ತಿದ್ದುಪಡಿ ಅಂಗೀಕರಿಸಿತು. ಮೂವತ್ತಾರು ರಾಜ್ಯಗಳ ಒಪ್ಪಿಗೆ ಬೇಕಿತ್ತು. ಇಪ್ಪತ್ತೆಂಟು ಮಾತ್ರ ಒಪ್ಪಿದವು. ಕೊನೆಗೆ ೧೯೩೮ರಲ್ಲಿ ಹೊಸ ಕಾಯಿದೆ ಬಂದು, ೧೯೪೧ರಲ್ಲಿ ಅದೇ ಕೋರ್ಟು ತನ್ನ ಹಳೆಯ ತೀರ್ಪನ್ನು ತಾನೇ ತಳ್ಳಿಹಾಕಿತು. ಡೇಗನ್‌ಹಾರ್ಟನ ಒಬ್ಬ ಮಗ ದೊಡ್ಡವನಾದ ಮೇಲೆ ಒಬ್ಬ ಪತ್ರಕರ್ತನೆದುರು ತೋಡಿಕೊಂಡನಂತೆ: ಆ ಮೊಕದ್ದಮೆ ಗೆದ್ದು ನನಗೇನೂ ಸಿಗಲಿಲ್ಲ, ಸೋತಿದ್ದರೆ ಒಂದಿಷ್ಟು ಓದು ಬರುತ್ತಿತ್ತು ಎಂದು.

ಬಂಧುಗಳೇ, ತಂದೆಯ ಹಕ್ಕು ಎಂದು ಕೂಗಿದವರ ಹಿಂದೆ ನಿಂತಿದ್ದವರು ಯಾರು, ನೋಡಿದಿರಾ? ಮಗುವಿನ ಹಕ್ಕನ್ನು ರಾಜ್ಯಾಂಗದಲ್ಲಿ ಸ್ಪಷ್ಟವಾಗಿ ಬರೆಯದಿದ್ದರೆ, ಅದೇ ರಾಜ್ಯಾಂಗ ಮಗುವಿನ ವಿರುದ್ಧವೇ ನಿಲ್ಲಬಹುದು.

ನಮ್ಮವರು ಬರೆದದ್ದು

ನಮ್ಮ ರಾಜ್ಯಾಂಗ ಬರೆದವರಿಗೆ ಇದೆಲ್ಲ ಗೊತ್ತಿತ್ತು. ಅವರ ಹಿಂದೆ ಗೋಪಾಲಕೃಷ್ಣ ಗೋಖಲೆಯವರ ಅನುಭವವೂ ಇತ್ತು. ಪ್ರಾಥಮಿಕ ಶಿಕ್ಷಣವನ್ನು ಕಡ್ಡಾಯ ಮಾಡುವ ಮಸೂದೆಯನ್ನು ಗೋಖಲೆಯವರು ೧೯೧೧ರಲ್ಲಿ ತಂದರು. ೧೯೧೨ರಲ್ಲಿ ಅದು ೧೩ಕ್ಕೆ ೩೮ ಮತಗಳಿಂದ ಬಿದ್ದುಹೋಯಿತು. ಮರು ವರ್ಷ, ೧೯೧೩ರಲ್ಲಿ, ಮೈಸೂರು ಸಂಸ್ಥಾನ ತನ್ನದೇ ಪ್ರಾಥಮಿಕ ಶಿಕ್ಷಣ ರೆಗ್ಯುಲೇಷನ್ ಮಾಡಿತು ಎಂಬುದು ಕನ್ನಡಿಗರಾದ ನಾವು ನೆನೆಯತಕ್ಕ ಸಂಗತಿ.

೧೯೪೭ರಲ್ಲಿ ಮೂಲಭೂತ ಹಕ್ಕುಗಳ ಉಪಸಮಿತಿ ಉಚಿತ ಶಿಕ್ಷಣವನ್ನು ಹಕ್ಕುಗಳ ಪಟ್ಟಿಯಲ್ಲೇ ಸೇರಿಸಿತ್ತು. ಮೇಲಿನ ಸಮಿತಿಯಲ್ಲಿ ಹಣದ ಪ್ರಶ್ನೆ ಎದ್ದಿತು. ಕೋರ್ಟಿನಲ್ಲಿ ಕೇಳಿ ಪಡೆಯುವ ಹಕ್ಕುಗಳಿಂದ ತೆಗೆದು ಅದನ್ನು ನಿರ್ದೇಶಕ ತತ್ತ್ವಗಳ ಭಾಗಕ್ಕೆ ಸರಿಸಿದರು. ೧೯೪೮ರ ನವೆಂಬರ್ ೨೩ರಂದು ಸಂವಿಧಾನ ಸಭೆಯಲ್ಲಿ, ಪ್ರತಿಯೊಬ್ಬ ಪ್ರಜೆಗೂ ಇದು ಹಕ್ಕು ಎಂಬ ಮಾತನ್ನೂ ಕರಡಿನಿಂದ ಕಿತ್ತುಹಾಕಿದರು. ಸರಕಾರ ಪ್ರಯತ್ನಿಸತಕ್ಕದ್ದು ಎಂಬುದಷ್ಟೇ ಉಳಿಯಿತು. ಅದೇ ದಿನ ಒಬ್ಬ ಸದಸ್ಯರು, ಇದನ್ನು ಪ್ರಾಥಮಿಕ ಶಿಕ್ಷಣಕ್ಕೆ ಮಾತ್ರ ಸೀಮಿತಗೊಳಿಸಿ ಎಂದರು. ಡಾಕ್ಟರ್ ಅಂಬೇಡ್ಕರ್ ಒಪ್ಪಲಿಲ್ಲ. ಅವರು ಕೊಟ್ಟ ಕಾರಣವನ್ನು ಗಿರಣಿಯವರು ಮನಸ್ಸಿನಲ್ಲಿಟ್ಟುಕೊಳ್ಳಬೇಕು: ಹದಿನಾಲ್ಕು ವರ್ಷದೊಳಗೆ ಮಗುವನ್ನು ಕೆಲಸಕ್ಕೆ ಹಚ್ಚಬಾರದೆಂದು ಇನ್ನೊಂದು ಕಲಮಿನಲ್ಲಿ ಬರೆದಿದ್ದೇವೆ, ಹಾಗಾದರೆ ಆ ವಯಸ್ಸಿನವರೆಗೆ ಮಗು ಒಂದು ಶಾಲೆಯಲ್ಲಿ ಇರಲೇಬೇಕಲ್ಲವೆ?

ಅಂದರೆ ಕಾರಖಾನೆಯ ಬಾಗಿಲು ಮುಚ್ಚುವ ಕಲಮು ಮತ್ತು ಶಾಲೆಯ ಬಾಗಿಲು ತೆರೆಯುವ ಕಲಮು ಜೋಡೆತ್ತು. ಒಂದೇ ಎತ್ತು ಗಾಡಿ ಎಳೆಯಲಾರದು. ಆದರೆ ಆದದ್ದೇನು? ೨೪ನೆಯ ವಿಧಿ, ಅಂದರೆ ಹದಿನಾಲ್ಕರೊಳಗಿನ ಮಗುವನ್ನು ಕಾರಖಾನೆ, ಗಣಿ ಮತ್ತು ಅಪಾಯದ ಕೆಲಸಗಳಲ್ಲಿ ಇಡಬಾರದೆಂಬುದು, ಮೂಲಭೂತ ಹಕ್ಕಾಯಿತು. ೪೫ನೆಯ ವಿಧಿ, ಅಂದರೆ ಹದಿನಾಲ್ಕು ತುಂಬುವವರೆಗೆ ಉಚಿತ ಮತ್ತು ಕಡ್ಡಾಯ ಶಿಕ್ಷಣ, ಬರಿಯ ನಿರ್ದೇಶಕ ತತ್ತ್ವವಾಯಿತು. ನಿರ್ದೇಶಕ ತತ್ತ್ವಗಳನ್ನು ಯಾವ ಕೋರ್ಟೂ ಜಾರಿ ಮಾಡಲಾಗದೆಂದು ೩೭ನೆಯ ವಿಧಿ ಹೇಳುತ್ತದೆ.

ಆಗಲೇ ಸಂವಿಧಾನ ಸಭೆಯಲ್ಲಿ ಕೆ. ಟಿ. ಷಾ ಎಂಬ ಅರ್ಥಶಾಸ್ತ್ರಜ್ಞರು ಎಚ್ಚರಿಸಿದ್ದರು: ಇದು ಬ್ಯಾಂಕಿಗೆ ಅನುಕೂಲವಾದಾಗ ಹಣ ಕೊಡುವ ಚೆಕ್ಕು ಎಂದು. ಅಂಗಡಿಕಾರ ಮಿತ್ರರೇ, ನಿಮಗೆ ಗಿರಾಕಿ ಇಂಥ ಚೆಕ್ಕು ಕೊಟ್ಟರೆ ಒಂದು ಮೂಟೆ ಅಕ್ಕಿ ಅಳೆದು ಕೊಡುತ್ತೀರಾ?

ಅರವತ್ತು ವರ್ಷದ ಉದ್ರಿ

ಆದರೂ ಆ ಚೆಕ್ಕಿನ ಮೇಲೆ ಒಂದು ತಾರೀಖು ಇತ್ತು. ರಾಜ್ಯಾಂಗ ಜಾರಿಗೆ ಬಂದ ಹತ್ತು ವರ್ಷದೊಳಗೆ ಎಂದು ೪೫ನೆಯ ವಿಧಿ ಹೇಳಿತ್ತು. ನಿರ್ದೇಶಕ ತತ್ತ್ವಗಳಲ್ಲಿ ಕಾಲದ ಮಿತಿ ಇದ್ದದ್ದು ಇದೊಂದಕ್ಕೇ. ಜನವರಿ ೧೯೫೦ಕ್ಕೆ ಹತ್ತು ಕೂಡಿಸಿರಿ: ಜನವರಿ ೧೯೬೦. ವಾಯಿದೆ ಬಂತು, ಹೋಯಿತು. ಯಾವ ಮಗುವೂ ಕೋರ್ಟಿಗೆ ಹೋಗಿ ಬಾಕಿ ಕೇಳುವಂತಿರಲಿಲ್ಲ. ೧೯೬೬ರಲ್ಲಿ ಕೊಠಾರಿ ಆಯೋಗ, ಬಡವ ಬಲ್ಲಿದರ ಮಕ್ಕಳೆಲ್ಲ ಓದುವ ನೆರೆಹೊರೆಯ ಸಮಾನ ಶಾಲೆಯನ್ನು ಶಿಫಾರಸು ಮಾಡಿತು. ಅದು ಇಂದಿಗೂ ಶಿಫಾರಸಾಗಿಯೇ ಇದೆ.

ಬಾಗಿಲು ತೆರೆದದ್ದು ಸ್ವಲ್ಪ ಸ್ವಲ್ಪವಾಗಿ. ೧೯೮೨ರ ದಿಲ್ಲಿಯ ಏಷ್ಯಾಡ್ ಕ್ರೀಡಾಕೂಟದ ಕಟ್ಟಡ ಕೆಲಸದಲ್ಲಿ ಕೂಲಿಗಳಿಗೂ ಮಕ್ಕಳಿಗೂ ಆಗುತ್ತಿದ್ದ ಅನ್ಯಾಯವನ್ನು ಒಂದು ಸಂಘಟನೆಯವರು ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಭಗವತಿಯವರಿಗೆ ಪತ್ರ ಬರೆದು ತಿಳಿಸಿದರು. ಪತ್ರವನ್ನೇ ಅರ್ಜಿಯೆಂದು ಎಣಿಸಿ ಕೋರ್ಟು ವಿಚಾರಣೆ ನಡೆಸಿತು. ೧೯೩೮ರ ಕಾಯಿದೆಯ ಪಟ್ಟಿಯಲ್ಲಿ ಕಟ್ಟಡದ ಕೆಲಸ ಇರಲಿಲ್ಲ. ಇರದಿದ್ದರೇನು, ಕಟ್ಟಡದ ಕೆಲಸ ಅಪಾಯದ್ದು, ೨೪ನೆಯ ವಿಧಿ ತಾನಾಗಿಯೇ ಅನ್ವಯಿಸುತ್ತದೆ ಎಂದು ತೀರ್ಪಾಯಿತು. ರಾಜ್ಯಾಂಗದಲ್ಲಿ ಹಕ್ಕಾಗಿ ಬರೆದಿದ್ದರಿಂದ ಆದ ಲಾಭ ಇದು.

ಶಾಲೆಯ ಹಕ್ಕಿನ ಮೊದಲ ದೊಡ್ಡ ತೀರ್ಪು ಬಂದದ್ದು ನಮ್ಮ ಕರ್ನಾಟಕದ ಮೊಕದ್ದಮೆಯಲ್ಲಿ. ಖಾಸಗಿ ವೈದ್ಯಕೀಯ ಕಾಲೇಜೊಂದರಲ್ಲಿ ಹೊರರಾಜ್ಯದ ವಿದ್ಯಾರ್ಥಿನಿಯೊಬ್ಬಳಿಂದ ವರ್ಷಕ್ಕೆ ೬೦,೦೦೦ ರೂಪಾಯಿ ಕೇಳಿದರು. ೧೯೯೨ರಲ್ಲಿ, ಮೋಹಿನಿ ಜೈನ್ ಮತ್ತು ಕರ್ನಾಟಕ ರಾಜ್ಯದ ನಡುವಿನ ಮೊಕದ್ದಮೆಯಲ್ಲಿ, ಬದುಕುವ ಹಕ್ಕಿನೊಳಗೆ ಕಲಿಯುವ ಹಕ್ಕೂ ಸೇರಿದೆಯೆಂದು ಸುಪ್ರೀಂ ಕೋರ್ಟು ಹೇಳಿತು. ಮುಂದಿನ ವರ್ಷ, ೧೯೯೩ರ ಉನ್ನಿಕೃಷ್ಣನ್ ತೀರ್ಪು ಅದನ್ನು ಸ್ವಲ್ಪ ಕುಗ್ಗಿಸಿ, ಹದಿನಾಲ್ಕು ವರ್ಷದವರೆಗಿನ ಶಿಕ್ಷಣ ಮೂಲಭೂತ ಹಕ್ಕು ಎಂದು ನಿಲ್ಲಿಸಿತು. ೨೦೦೨ರಲ್ಲಿ ೮೬ನೆಯ ತಿದ್ದುಪಡಿಯಿಂದ ೨೧ಎ ವಿಧಿ ಬಂತು: ಆರರಿಂದ ಹದಿನಾಲ್ಕು ವರ್ಷದ ಮಕ್ಕಳಿಗೆಲ್ಲ ಸರಕಾರ ಉಚಿತ ಮತ್ತು ಕಡ್ಡಾಯ ಶಿಕ್ಷಣ ಕೊಡತಕ್ಕದ್ದು. ಅದಕ್ಕೆ ಬೇಕಾದ ಕಾಯಿದೆ ೨೦೦೯ರಲ್ಲಿ ಆಯಿತು. ಎರಡೂ ಜಾರಿಗೆ ಬಂದದ್ದು ೨೦೧೦ರ ಏಪ್ರಿಲ್ ೧ರಂದು. ಹತ್ತು ವರ್ಷದ ವಾಯಿದೆಯ ಚೆಕ್ಕು ಅರವತ್ತು ವರ್ಷಕ್ಕೆ ನಗದಾಯಿತು.

ನಮಗಿಂತ ನಾಲ್ಕು ದಶಕಕ್ಕೂ ಹೆಚ್ಚು ತಡವಾಗಿ, ೧೯೯೬ರಲ್ಲಿ, ದಕ್ಷಿಣ ಆಫ್ರಿಕದವರು ರಾಜ್ಯಾಂಗ ಬರೆದರು. ಹದಿನೆಂಟರೊಳಗಿನ ಎಲ್ಲರೂ ಮಕ್ಕಳು. ಮಗುವಿಗೆ ಸಂಬಂಧಪಟ್ಟ ಪ್ರತಿಯೊಂದು ವಿಷಯದಲ್ಲೂ ಮಗುವಿನ ಹಿತವೇ ಎಲ್ಲಕ್ಕಿಂತ ಮೇಲು ಎಂದು ಬರೆದರು. ಮನೆ ಮುಂತಾದವುಗಳಿಗೆ ಹಣ ಇದ್ದಷ್ಟು ಎಂಬ ಷರತ್ತು ಹಾಕಿದರೂ, ಮೂಲ ಶಿಕ್ಷಣಕ್ಕೆ ಆ ಷರತ್ತು ಹಾಕಲಿಲ್ಲ. ೨೦೧೨ರಲ್ಲಿ ಲಿಂಪೊಪೊ ಪ್ರಾಂತದ ಶಾಲೆಗಳಿಗೆ ಪಠ್ಯಪುಸ್ತಕ ಬಾರದಿದ್ದಾಗ, ಕೋರ್ಟು ಸರಕಾರಕ್ಕೆ ಪುಸ್ತಕ ತಲುಪಿಸಿರೆಂದು ಆಜ್ಞೆ ಮಾಡಿತು. "ಪ್ರಯತ್ನಿಸತಕ್ಕದ್ದು" ಎಂಬುದಕ್ಕೂ "ಕೊಡತಕ್ಕದ್ದು" ಎಂಬುದಕ್ಕೂ ಎಷ್ಟು ಅಂತರ, ನೋಡಿರಿ.

ಈಗಿನ ಕಾನೂನಿನ ತೂತುಗಳು

ಇನ್ನು ದುಡಿಮೆಯ ಕಾನೂನಿಗೆ ಬರೋಣ. ೧೯೮೬ರ ಬಾಲಕಾರ್ಮಿಕ ಕಾಯಿದೆ ಪಟ್ಟಿ ಮಾಡಿದ ಕೆಲಸಗಳಿಗೆ ಮಾತ್ರ ನಿಷೇಧ ಹಾಕಿತ್ತು. ೨೦೦೬ರ ಅಕ್ಟೋಬರ್ ೧೦ರಿಂದ ಮನೆಗೆಲಸ, ಹೋಟೆಲು, ಢಾಬಾಗಳೂ ಪಟ್ಟಿಗೆ ಸೇರಿದವು. ೨೦೧೬ರ ತಿದ್ದುಪಡಿ ಹದಿನಾಲ್ಕರೊಳಗಿನ ಮಗುವನ್ನು ಯಾವ ಕೆಲಸಕ್ಕೂ ಇಡಬಾರದೆಂದಿತು. ಇಟ್ಟವರಿಗೆ ಆರು ತಿಂಗಳಿಂದ ಎರಡು ವರ್ಷದವರೆಗೆ ಸಜೆ, ಇಲ್ಲವೆ ೨೦,೦೦೦ದಿಂದ ೫೦,೦೦೦ ರೂಪಾಯಿ ದಂಡ, ಇಲ್ಲವೆ ಎರಡೂ. ಇದು ಒಳ್ಳೆಯದೇ.

ಆದರೆ ಅದೇ ತಿದ್ದುಪಡಿ ಒಂದು ಕಿಂಡಿಯನ್ನೂ ಬಿಟ್ಟಿದೆ. ಅಪಾಯದ್ದಲ್ಲದ ಕೆಲಸವಾದರೆ, ಶಾಲೆಯ ಸಮಯದ ನಂತರ ಅಥವಾ ರಜೆಯಲ್ಲಿ, ಮಗು ಮನೆಯವರಿಗೂ ಮನೆಯ ಉದ್ಯೋಗಕ್ಕೂ ನೆರವಾಗಬಹುದು. ಮನೆಯವರು ಎಂದರೆ ತಂದೆ ತಾಯಿ ಅಣ್ಣ ತಂಗಿ ಮಾತ್ರವಲ್ಲ. ಚಿಕ್ಕಪ್ಪ ದೊಡ್ಡಪ್ಪ, ಸೋದರತ್ತೆ, ಸೋದರಮಾವ, ಚಿಕ್ಕಮ್ಮ ದೊಡ್ಡಮ್ಮ ಎಲ್ಲರೂ. ಮಗಳು ಸಂಜೆ ಅಂಗಡಿಯಲ್ಲಿ ಕುಳಿತು ಅಪ್ಪನಿಗೆ ಲೆಕ್ಕ ಬರೆದುಕೊಟ್ಟರೆ ಯಾರೂ ತಪ್ಪೆನ್ನುವುದಿಲ್ಲ. ಆದರೆ ದೊಡ್ಡ ವ್ಯಾಪಾರಿ ತನ್ನ ಮಾಲನ್ನು ತುಂಡುಗುತ್ತಿಗೆಗೆ ಮನೆಮನೆಗೆ ಹಂಚಿದಾಗ, ನಾಲ್ಕು ಗೋಡೆಯ ನಡುವೆ ಎಷ್ಟು ಎಳೆಯ ಬೆರಳುಗಳು ಎಷ್ಟು ಹೊತ್ತಿನವರೆಗೆ ಓಡುತ್ತವೆಂದು ನೋಡುವವರು ಯಾರು? ಅಂಗಡಿಯ ಹುಡುಗನನ್ನು ಇನ್‌ಸ್ಪೆಕ್ಟರು ಕೇಳಿದರೆ, ಇವನು ನಮ್ಮ ಅಕ್ಕನ ಮಗ ಎನ್ನುವುದು ಎಷ್ಟು ಸುಲಭ!

ಇನ್ನೊಂದು ತೂತು ವಯಸ್ಸಿನದು. ಶಿಕ್ಷಣದ ಹಕ್ಕು ಆರಕ್ಕೆ ಶುರುವಾಗಿ ಹದಿನಾಲ್ಕಕ್ಕೆ ಮುಗಿಯುತ್ತದೆ. ಆರರೊಳಗಿನ ಕೂಸುಗಳ ವಿಷಯ ಈಗಲೂ ೪೫ನೆಯ ವಿಧಿಯಲ್ಲಿ ಪ್ರಯತ್ನದ ಮಾತಾಗಿಯೇ ಉಳಿದಿದೆ. ಹದಿನಾಲ್ಕು ದಾಟಿದ ಹುಡುಗ ಎಂಟನೆಯ ಇಯತ್ತೆ ಮುಗಿಸಿ ಎಸ್ಸೆಸ್ಸೆಲ್ಸಿಯ ಹೊಸ್ತಿಲಲ್ಲಿ ನಿಂತಾಗ ೨೧ಎ ವಿಧಿ ಅವನ ಕೈ ಬಿಡುತ್ತದೆ. ಅಪಾಯದ ಕೆಲಸ ಬಿಟ್ಟು ಬೇರೆ ಕೆಲಸಕ್ಕೆ ಅವನನ್ನು ಇಟ್ಟುಕೊಳ್ಳಲು ಕಾನೂನಿನ ಅಡ್ಡಿ ಇಲ್ಲ. ನಮ್ಮ ಓಣಿಗಳಲ್ಲಿ ಶಾಲೆ ಬಿಡುವ ಮಕ್ಕಳು ಯಾವ ವಯಸ್ಸಿನವರು ಎಂದು ನಿಮಗೇ ಗೊತ್ತು.

ರಾಜ್ಯ ಸರಕಾರಗಳು ಈ ತೂತುಗಳನ್ನು ಮುಚ್ಚಲೂ ಬಲ್ಲವು, ಹಿಗ್ಗಿಸಲೂ ಬಲ್ಲವು. ಎರಡಕ್ಕೂ ಉದಾಹರಣೆ ನಮ್ಮಲ್ಲೇ ಇದೆ. ೨೦೦೬ರ ಕೇಂದ್ರ ಕಾಯಿದೆಯಲ್ಲಿ ಬಾಲ್ಯವಿವಾಹ ಸಾಮಾನ್ಯವಾಗಿ ತಾನಾಗಿ ರದ್ದಾಗುವುದಿಲ್ಲ. ಮದುವೆಯಾದ ಮಗುವೇ ಕೋರ್ಟಿಗೆ ಹೋಗಿ ರದ್ದು ಮಾಡಿಸಿಕೊಳ್ಳಬೇಕು. ಕರ್ನಾಟಕದ ತಿದ್ದುಪಡಿ, ೨೦೧೭ರಿಂದ, ಅಂಥ ಮದುವೆ ಮೊದಲಿನಿಂದಲೇ ಅನೂರ್ಜಿತ ಎಂದಿತು. ಹೊರೆ ಹುಡುಗಿಯ ತಲೆಯಿಂದ ಇಳಿಯಿತು. ಅದೇ ವರ್ಷ ಸುಪ್ರೀಂ ಕೋರ್ಟು ಇದನ್ನು ಮೆಚ್ಚಿ ಬರೆದಿದೆ. ಇನ್ನೊಂದು ಕಡೆ, ಖಾಸಗಿ ಶಾಲೆಗಳಲ್ಲಿ ನೂರಕ್ಕೆ ಇಪ್ಪತ್ತೈದು ಸೀಟು ಬಡಮಕ್ಕಳಿಗೆಂದು ೨೦೦೯ರ ಕಾಯಿದೆ ಇಟ್ಟಿತ್ತು. ನೆರೆಹೊರೆಯಲ್ಲಿ ಸರಕಾರಿ ಅಥವಾ ಅನುದಾನಿತ ಶಾಲೆ ಇದ್ದರೆ ಈ ಸೀಟು ಕೊಡಬೇಕಿಲ್ಲವೆಂದು ೨೦೧೯ರಲ್ಲಿ ನಮ್ಮ ರಾಜ್ಯ ನಿಯಮ ತಿದ್ದಿತು. ಬಡವರ ಮಗು ಸರಕಾರಿ ಶಾಲೆಗೆ ಹೋಗಲಿ ಎಂದರೆ ನಮ್ಮ ಅಡ್ಡಿಯಿಲ್ಲ. ಆದರೆ ಆ ಶಾಲೆಯಲ್ಲಿ ಮೇಷ್ಟರು ಎಷ್ಟಿದ್ದಾರೆ, ಹೆಣ್ಣುಮಕ್ಕಳಿಗೆ ಪಾಯಖಾನೆ ಇದೆಯೇ ಎಂಬ ಲೆಕ್ಕವನ್ನು ಮೊದಲು ನಮ್ಮ ಕೈಗೆ ಕೊಡಲಿ.

ಎರಡು ಪ್ರಶ್ನೆಗಳು

ಸಭೆಗೆ ಮುಂಚೆ ಒಬ್ಬ ಅಂಗಡಿಕಾರ ಮಿತ್ರರು ಕೇಳಿದರು: "ನಾನು ದೊಡ್ಡ ಆಳಿಗೆ ಪೂರ್ತಿ ಪಗಾರ ಕೊಟ್ಟು, ಬಾಜೂ ಅಂಗಡಿಯವರು ಹುಡುಗನ್ನ ಇಟ್ಟುಕೊಂಡ್ರ, ಪೈಪೋಟಿ ಹೆಂಗ ಮಾಡ್ಲಿ ಅಣ್ಣಾ?" ಬಹಳ ಯೋಗ್ಯವಾದ ಪ್ರಶ್ನೆ. ಒಳ್ಳೆಯವನು ಒಬ್ಬನೇ ನಷ್ಟ ತಿನ್ನಬಾರದೆಂಬ ಕಾರಣಕ್ಕೇ ಕಾನೂನು ಎಲ್ಲರಿಗೂ ಒಂದೇ ಆಗಿರಬೇಕು. ವರ್ತಕರ ಸಂಘವೇ ಕೂಡಿ, ನಮ್ಮ ಪೇಟೆಯಲ್ಲಿ ಹದಿನಾಲ್ಕರೊಳಗಿನ ಹುಡುಗರು ಇಲ್ಲ ಎಂದು ಠರಾವು ಮಾಡಿದರೆ, ಇನ್‌ಸ್ಪೆಕ್ಟರಿಗೆ ಹೆದರುವ ಅವಶ್ಯಕತೆಯೂ ಇರುವುದಿಲ್ಲ.

ಇನ್ನೊಂದು ಪ್ರಶ್ನೆ ಹೋಟೆಲಿನ ಮಾಲೀಕರದು: ಆ ಮನೆಯ ಒಲೆ ಯಾರು ಹಚ್ಚಬೇಕು? ೧೯೯೬ರ ಡಿಸೆಂಬರಿನಲ್ಲಿ, ಶಿವಕಾಶಿಯ ಬೆಂಕಿಕಡ್ಡಿ ಮತ್ತು ಪಟಾಕಿ ಕಾರಖಾನೆಗಳ ಮಕ್ಕಳ ಮೊಕದ್ದಮೆಯಲ್ಲಿ, ಸುಪ್ರೀಂ ಕೋರ್ಟು ಇದಕ್ಕೆ ಉತ್ತರ ಹುಡುಕಿತು. ಅಪಾಯದ ಕೆಲಸದಲ್ಲಿ ಮಗುವನ್ನಿಟ್ಟ ಮಾಲೀಕ ಒಂದೊಂದು ಮಗುವಿಗೆ ೨೦,೦೦೦ ರೂಪಾಯಿ ನಿಧಿಗೆ ಕಟ್ಟಬೇಕು. ಮಗುವಿನ ಬದಲಿಗೆ ಆ ಮನೆಯ ದೊಡ್ಡವರೊಬ್ಬರಿಗೆ ಸರಕಾರ ಕೆಲಸ ಕೊಡಿಸಬೇಕು, ಇಲ್ಲವಾದರೆ ೫,೦೦೦ ರೂಪಾಯಿ ತಾನೂ ಕಟ್ಟಬೇಕು. ಮಗುವನ್ನು ಶಾಲೆಗೆ ಕಳಿಸುವುದು, ದೊಡ್ಡವರಿಗೆ ಕೆಲಸ ಕೊಡುವುದು: ಕೋರ್ಟು ಇವೆರಡನ್ನೂ ಒಂದೇ ಆಜ್ಞೆಯಲ್ಲಿ ಕಟ್ಟಿತು. ಮಗುವಿನ ಅರೆಕೂಲಿ ಅಪ್ಪನ ಪೂರ್ತಿ ಕೂಲಿಯನ್ನು ನುಂಗುತ್ತದೆ ಎಂಬುದು ನಮಗೆ ಹೊಸ ಮಾತಲ್ಲ. ಕಟ್ಟೆಯ ಮೇಲೆ ಕುಳಿತ ಆ ಬದಲಿ ಕೂಲಿಗೆ ಕೆಲಸ ಇಲ್ಲದಿರುವುದಕ್ಕೂ ಅವನ ಮಗನಿಗೆ ಕೆಲಸ ಇರುವುದಕ್ಕೂ ಸಂಬಂಧವಿದೆ.

ನಾವು ಮಾಡತಕ್ಕದ್ದು

ಮಿತ್ರರೇ, ಇಷ್ಟು ಹೇಳಿ ಚಪ್ಪಾಳೆ ತಟ್ಟಿಸಿಕೊಂಡು ಹೋದರೆ ಪ್ರಯೋಜನವಿಲ್ಲ. ನಾಲ್ಕು ವಿಷಯಗಳನ್ನು ಬರೆದಿಟ್ಟುಕೊಳ್ಳಿರಿ.

ಒಂದು: ಶಾಲೆಗೆ ಸೇರಿಸಲು ಜನನದ ದಾಖಲೆ ಇಲ್ಲವೆಂದು ಯಾರೂ ಮಗುವನ್ನು ಹಿಂದಕ್ಕೆ ಕಳಿಸುವಂತಿಲ್ಲ. ಜೂನ್ ದಾಟಿತು, ಮುಂದಿನ ವರ್ಷ ಬನ್ನಿ ಎನ್ನುವಂತೆಯೂ ಇಲ್ಲ. ಶಾಲೆ ಬಿಟ್ಟು ಎಷ್ಟೇ ವರ್ಷವಾಗಿದ್ದರೂ ವಯಸ್ಸಿಗೆ ತಕ್ಕ ತರಗತಿಗ್ೇ ಸೇರಿಸಿ, ಹಿಂದೆ ಬಿದ್ದ ಪಾಠಕ್ಕೆ ವಿಶೇಷ ತರಬೇತಿ ಕೊಡಬೇಕು. ೨೦೦೯ರ ಕಾಯಿದೆ ಇದನ್ನೆಲ್ಲ ಬಿಡಿಸಿ ಹೇಳಿದೆ.

ಎರಡು: ಸರಕಾರಿ ಶಾಲೆಯ ಮೇಲುಸ್ತುವಾರಿ ಸಮಿತಿಯಲ್ಲಿ ನಾಲ್ಕರಲ್ಲಿ ಮೂರು ಪಾಲು ತಂದೆತಾಯಿಗಳೇ ಇರಬೇಕು, ಅರ್ಧಕ್ಕೆ ಅರ್ಧ ಹೆಂಗಸರು ಇರಬೇಕು. ಎರಡನೆಯ ಪಾಳಿ ಮುಗಿಸಿ ಬಂದ ದಣಿವು ನಮಗೂ ಗೊತ್ತು. ಆದರೂ ಆ ಸಭೆಗೆ ಹೋಗಿರಿ. ನಾವು ಹೋಗದ ಕುರ್ಚಿಯಲ್ಲಿ ಗುತ್ತಿಗೆದಾರ ಕುಳಿತುಕೊಳ್ಳುತ್ತಾನೆ.

ಮೂರು: ದುಡಿಯುವ ಅಥವಾ ಹಿಂಸೆಯಲ್ಲಿರುವ ಮಗುವನ್ನು ಕಂಡರೆ ೧೦೯೮ಕ್ಕೆ ಫೋನು ಮಾಡಿರಿ, ದುಡ್ಡು ಬೇಕಿಲ್ಲ. ಜಿಲ್ಲೆಯಲ್ಲಿ ಮಕ್ಕಳ ಕಲ್ಯಾಣ ಸಮಿತಿ ಇದೆ, ಕಾರ್ಮಿಕ ಇಲಾಖೆಯ ಕಚೇರಿ ಇದೆ. ಅರ್ಜಿ ಬರೆಯಲು ಬಾರದಿದ್ದರೆ ಸಂಘದ ಕಚೇರಿಗೆ ಬನ್ನಿ, ನಾವು ಬರೆದು ಕೊಡುತ್ತೇವೆ, ಸ್ವೀಕೃತಿಯನ್ನೂ ತೆಗೆದುಕೊಳ್ಳುತ್ತೇವೆ.

ನಾಲ್ಕು: ನಮ್ಮ ಬೇಡಿಕೆ. ಶಿಕ್ಷಣದ ಹಕ್ಕು ಹದಿನೆಂಟರವರೆಗೆ ಏರಬೇಕು, ಕೆಳಗೆ ಅಂಗನವಾಡಿಯ ಕೂಸಿನವರೆಗೆ ಇಳಿಯಬೇಕು. ಮನೆ ಉದ್ಯೋಗದ ಕಿಂಡಿಯನ್ನು ಮುಚ್ಚಬೇಕು. ಬಿಡಿಸಿದ ಪ್ರತಿಯೊಂದು ಮಗುವಿನ ಮನೆಯಲ್ಲಿ ಒಬ್ಬ ದೊಡ್ಡವರಿಗೆ ಕೆಲಸ ಕೊಡಬೇಕು. ಇದಕ್ಕೆ "ಅನುಕೂಲವಾದಾಗ" ಎಂಬ ಮಾತು ಬೇಡ, ತಾರೀಖು ಬೇಕು.

ಕೊನೆಗೆ ಆ ಹುಡುಗನ ಸಮಾಚಾರ. ಹೋಟೆಲಿನ ಮಾಲೀಕರು ಅವನನ್ನು ಬಿಟ್ಟುಕೊಟ್ಟರು. ಈಗ ಒಬ್ಬ ದೊಡ್ಡ ಆಳನ್ನು ಇಟ್ಟಿದ್ದಾರೆ, ಚಹಾಕ್ಕೆ ಒಂದು ರೂಪಾಯಿ ಏರಿಸಿದ್ದಾರೆ. ನಾವು ಆ ಒಂದು ರೂಪಾಯಿ ಕೊಡುತ್ತಿದ್ದೇವೆ. ತಂದೆಗೆ ಮಾರುಕಟ್ಟೆಯಲ್ಲಿ ಹಮಾಲಿ ಕೆಲಸ ಸಿಕ್ಕಿದೆ, ವಾರದಲ್ಲಿ ನಾಲ್ಕು ದಿನ. ಹುಡುಗ ಐದನೆಯ ತರಗತಿಯಲ್ಲಿ ಕುಳಿತಿದ್ದಾನೆ. ಮೊದಲ ಎರಡು ವಾರ ಸರಿಯಾಗಿ ಹೋದ. ಮೂರನೆಯ ವಾರ ಮೂರು ದಿನ ಕಾಣಲಿಲ್ಲ. ವಿಚಾರಿಸಿದರೆ, ತಂದೆಗೆ ಆ ವಾರ ಕೆಲಸ ಸಿಕ್ಕಿರಲಿಲ್ಲ, ಹುಡುಗ ಸಂತೆಯಲ್ಲಿ ಮೂಟೆ ಕಾಯಲು ಹೋಗಿದ್ದ. ಮತ್ತೆ ಕರೆತಂದೆವು. ಈಗ ಪ್ರತಿ ಶನಿವಾರ ನಮ್ಮವರೊಬ್ಬರು ಶಾಲೆಗೆ ಹೋಗಿ ಹಾಜರಿ ನೋಡಿ ಬರುತ್ತಾರೆ.

ಒಬ್ಬ ಹುಡುಗನಿಗೆ ಇಷ್ಟು ಓಡಾಟ. ಊರಿನಲ್ಲಿ ಇನ್ನೂ ಎಷ್ಟು ಮಂದಿ ಇದ್ದಾರೋ, ಓಣಿ ಓಣಿಗೆ ಹೋಗಿ ಎಣಿಸಬೇಕು. ಅದಕ್ಕೆ ವಾರಕ್ಕೊಂದು ಸಂಜೆ ಕೊಡಬಲ್ಲ ಇಪ್ಪತ್ತು ಜನ ಬೇಕಾಗಿದ್ದಾರೆ. ಬಾಗಿಲ ಹತ್ತಿರ ಮೇಜಿನ ಮೇಲೆ ವಹಿ ಇಟ್ಟಿದ್ದೇವೆ. ಹೊರಡುವ ಮುನ್ನ ಹೆಸರು ಬರೆಸಿ ಹೋಗಿರಿ.